ಕಿಜಿಲ್‌ಕುಮ್ ಮರಳುಗಾಡಿನಲ್ಲಿ ಒಂದು ರಾತ್ರಿ: ಯರ್ಟ್‌ನಲ್ಲಿ ಉಳಿಯಲು ಹೊರಟವರಿಗೆ

ಉಜ್ಬೇಕಿಸ್ತಾನದ ಯರ್ಟ್ (ಅಲೆಮಾರಿ ಕುರಿಗಾಹಿಗಳು ಮಡಚಿ ಒಯ್ಯುತ್ತಿದ್ದ, ಉಣ್ಣೆ ಹೊದಿಸಿದ ದುಂಡನೆಯ ಮನೆ) ಕ್ಯಾಂಪಿಗೆ ಹೋಗ್ತೀನಿ ಅಂದವರೆಲ್ಲ ಮೊದಲು ಕೇಳುವುದು ಒಂದೇ, ಯಾವ ಕ್ಯಾಂಪ್ ಚೆನ್ನಾಗಿದೆ? ನಾನು ಹೇಳುವುದು, ಮೊದಲು ಪಂಚಾಂಗ ತೆಗೆಯಿರಿ. ಅಮಾವಾಸ್ಯೆ ಯಾವತ್ತು ನೋಡಿ. ಅದರ ಹಿಂದೆ ಮುಂದೆ ನಾಲ್ಕೈದು ದಿನದೊಳಗೆ ನಿಮ್ಮ ಮರಳುಗಾಡಿನ ರಾತ್ರಿ ಬರುವಂತೆ ಮಾಡಿಕೊಳ್ಳಿ. ಸಮರ್ಕಂದ್, ಬುಖಾರಾ, ಖೀವಾ ಎಲ್ಲವನ್ನೂ ಅದರ ಸುತ್ತ ಜೋಡಿಸಿ. ಹುಣ್ಣಿಮೆಯಲ್ಲೂ ಮರಳು ಚೆಂದವೇ, ಇಲ್ಲ ಅನ್ನುವುದಿಲ್ಲ. ಆದರೆ ಅಷ್ಟು ದೂರ ಹೋಗಿ ನಕ್ಷತ್ರ ಕಾಣದೆ ಬರುವುದು ಯಾಕೆ? ಯರ್ಟ್ ಅಸಲಿಯಾಗಿದ್ದರೆ ಕ್ಯಾಂಪುಗಳ ನಡುವೆ ಅಂಥ ದೊಡ್ಡ ವ್ಯತ್ಯಾಸ ಇಲ್ಲ. ಯಾವ ದಿನ ಹೋದಿರಿ, ಎಷ್ಟು ಹೊತ್ತಿಗೆ ತಲುಪಿದಿರಿ ಅನ್ನುವುದರಲ್ಲೇ ಎಲ್ಲಾ ಇರುವುದು.

ತಿಂಗಳು ಅಂದರೆ ಏಪ್ರಿಲ್, ಮೇ ಮೊದಲ ಭಾಗ, ಸೆಪ್ಟೆಂಬರ್ ಕೊನೆ, ಅಕ್ಟೋಬರ್. ಜುಲೈಯಲ್ಲಿ ಇಲ್ಲಿ 40 ಡಿಗ್ರಿ ದಾಟುತ್ತದೆ. ಚಳಿಗಾಲದಲ್ಲಿ ಸೊನ್ನೆಗಿಂತ ಕೆಳಗೆ ಇಳಿಯುತ್ತದೆ, ಬಹುಪಾಲು ಕ್ಯಾಂಪುಗಳು ಮುಚ್ಚಿರುತ್ತವೆ. ನನ್ನನ್ನು ಕೇಳಿದರೆ ಏಪ್ರಿಲ್. ಮಳೆ ಬಿದ್ದ ಮರಳಿನ ಮೇಲೆ ತೆಳುವಾಗಿ ಹುಲ್ಲು ಬಂದಿರುತ್ತದೆ, ಅಲ್ಲಲ್ಲಿ ಕೆಂಪು ಗಸಗಸೆ ಹೂವು. ಆಮೆಗಳೂ ಆಗಲೇ ಹೊರಗೆ ಬರುವುದು. ವರ್ಷದ ಹೆಚ್ಚಿನ ಭಾಗ ಮಣ್ಣಿನೊಳಗೆ ಮಲಗಿರುವ ಆಮೆಗಳು ಅವು, ವಸಂತದ ಕೆಲವು ವಾರ ಮಾತ್ರ ಹುಲ್ಲು ಮೇಯಲು ಎದ್ದು ಓಡಾಡುತ್ತವೆ. ಹಿಡಿದು ಫೋಟೋ ತೆಗೆಸಿಕೊಳ್ಳಬೇಡಿ, ಪಾಪ, ಅವುಗಳಿಗೆ ಸಿಗುವ ಹೊತ್ತೇ ಕಡಿಮೆ.

ಎಲ್ಲಿಗೆ, ಹೇಗೆ

ಕಿಜಿಲ್‌ಕುಮ್ ಸುಮಾರು ಮೂರು ಲಕ್ಷ ಚದರ ಕಿಲೋಮೀಟರಿನ ಮರಳುಗಾಡು. ಅಮು ದರ್ಯಾ, ಸಿರ್ ದರ್ಯಾ ಎರಡೂ ನದಿಗಳ ನಡುವೆ ಹರಡಿಕೊಂಡಿದೆ. ಪ್ರವಾಸಿಗರು ಉಳಿಯುವ ಕ್ಯಾಂಪುಗಳಲ್ಲಿ ಹೆಚ್ಚಿನವು ಅದರ ಅಂಚಿನಲ್ಲಿವೆ. ನವೋಯಿ ಪ್ರಾಂತ್ಯದ ನುರಾತಾ ಪಟ್ಟಣದಿಂದ ಉತ್ತರಕ್ಕೆ, ಐದಾರ್‌ಕುಲ್ ಸರೋವರದ ಕಡೆಗೆ ಹೋದರೆ ಸಿಗುತ್ತವೆ. ದುಂಗಲಾಕ್, ಯಾಂಗಿಗಜ್‌ಗಾನ್ ಎಂಬ ಹಳ್ಳಿಗಳ ಹೆಸರು ಕೇಳಿಬಂದರೆ ಸರಿಯಾದ ದಿಕ್ಕಿನಲ್ಲಿದ್ದೀರಿ ಅಂತ ಅರ್ಥ. ಖೀವಾ ಕಡೆಯಿಂದ ಹೋಗುವವರಿಗೆ ಉಜ್ಬೇಕಿಸ್ತಾನದೊಳಗೇ ಇರುವ ಕರಕಲ್ಪಾಕ್‌ಸ್ತಾನ ಪ್ರದೇಶದ ಅಯಾಜ್ ಕಲಾ ಕೋಟೆಗಳ ಹತ್ತಿರವೂ ಯರ್ಟ್‌ಗಳಿವೆ. ಆದರೆ ಸಮರ್ಕಂದ್‌ನಿಂದ ಬುಖಾರಾಕ್ಕೆ ಹೋಗುವ ದಾರಿಯಲ್ಲೇ ಒಂದು ರಾತ್ರಿ ಮುಗಿಸಬೇಕು ಅಂದರೆ ನುರಾತಾ ಕಡೆಯೇ ಸಲೀಸು.

ಭಾರತದ ಪಾಸ್‌ಪೋರ್ಟಿಗೆ ಇ-ವೀಸಾ ಸಿಗುತ್ತದೆ. 30 ದಿನದ, ಒಂದು ಸಲ ಒಳಗೆ ಬರುವ ವೀಸಾಗೆ 20 ಡಾಲರ್. ಸರ್ಕಾರದ ಸೈಟಿನಲ್ಲೇ ನೀವೇ ತುಂಬಿ, ಮಧ್ಯವರ್ತಿಗಳಿಗೆ ಸುಮ್ನೆ ದುಡ್ಡು ಕೊಡಬೇಡಿ. ದಿಲ್ಲಿಯಿಂದ ತಾಷ್ಕೆಂಟಿಗೆ ನೇರ ವಿಮಾನ, ಮೂರು ಗಂಟೆ ಆಸುಪಾಸು. ಅಲ್ಲಿಂದ ಅಫ್ರೋಸಿಯೋಬ್ ಅನ್ನುವ ವೇಗದ ರೈಲು ಎರಡು ಗಂಟೆ ಚಿಲ್ಲರೆಯಲ್ಲಿ ಸಮರ್ಕಂದ್‌ಗೆ ಬಿಡುತ್ತದೆ. ಟಿಕೆಟ್ ಬೇಗ ಖಾಲಿಯಾಗುತ್ತದೆ, ಮಾರಾಟ ಶುರುವಾದ ತಕ್ಷಣ ತೆಗೆದುಕೊಳ್ಳಿ.

ಸಮರ್ಕಂದ್‌ನಿಂದ ಮುಂದೆ ಕಾರೇ ಬೇಕು. ಎರಡು ದಾರಿ ಇದೆ. ಒಂದು, ನೀವು ಉಳಿದ ಗೆಸ್ಟ್‌ಹೌಸಿನವರಿಗೇ ಹೇಳಿ ಇಡೀ ಕಾರು ಗೊತ್ತು ಮಾಡಿಕೊಳ್ಳುವುದು. ಇನ್ನೊಂದು, ನವೋಯಿವರೆಗೆ ರೈಲು, ಅಲ್ಲಿಂದ ನುರಾತಾಕ್ಕೆ ಶೇರ್ ಟ್ಯಾಕ್ಸಿ, ನುರಾತಾದಿಂದ ಕ್ಯಾಂಪಿಗೆ ಬೇರೆ ಕಾರು. ಎರಡನೆಯದು ಅಗ್ಗ. ಆದರೆ ಶೇರ್ ಟ್ಯಾಕ್ಸಿ ನಾಲ್ಕು ಸೀಟು ತುಂಬುವವರೆಗೆ ಅಲ್ಲಾಡುವುದಿಲ್ಲ. ಇಬ್ಬರಿದ್ದರೆ ನಾಲ್ಕೂ ಸೀಟಿನ ದುಡ್ಡು ಕೊಟ್ಟು ಹೊರಟುಬಿಡಿ. ಉಳಿಸುವ ದುಡ್ಡಿಗಿಂತ ಕಳೆಯುವ ಹೊತ್ತು ದುಬಾರಿ.

ಹೊತ್ತಿನ ಮಾತು ಬಂತು ನೋಡಿ, ಇದೊಂದನ್ನು ಯಾರೂ ಮೊದಲೇ ಹೇಳುವುದಿಲ್ಲ. ಅಲ್ಲಿನ ಕಾರುಗಳಲ್ಲಿ ಎಷ್ಟೋ ಓಡುವುದು ಗ್ಯಾಸಿನಲ್ಲಿ. ಹೋಗುವಾಗ ದಾರಿಯಲ್ಲಿ ಮೀಥೇನ್ ಬಂಕಿಗೆ ಗಾಡಿ ತಿರುಗುತ್ತದೆ. ಮುಂದೆ ಬಿಳಿ ಷೆವರ್ಲೆಗಳ ಸಾಲು. ತುಂಬಿಸುವಾಗ ಪ್ರಯಾಣಿಕರು ಇಳಿದು ಗೇಟಿನ ಆಚೆ ನಿಲ್ಲಬೇಕು. ಅದಕ್ಕೇ ಡ್ರೈವರಿಗೆ ಹಿಂದಿನ ರಾತ್ರಿಯೇ ಹೇಳಿ, ಗ್ಯಾಸ್ ತುಂಬಿಸಿಕೊಂಡು ಬಾ ಅಂತ. ನುರಾತಾ ದಾಟಿದ ಮೇಲೆ ಹೇಗೂ ಬಂಕನ್ನು ನಂಬುವ ಹಾಗಿಲ್ಲ.

ಲೆಕ್ಕ ಹಿಂದಿನಿಂದ ಹಾಕಿ. ಏಪ್ರಿಲ್ ಕೊನೆಯಲ್ಲಿ ಸೂರ್ಯ ಮುಳುಗುವುದು ಸಂಜೆ ಏಳೂವರೆ ಹೊತ್ತಿಗೆ. ಅಕ್ಟೋಬರ್ ನಡುವಿನಲ್ಲಾದರೆ ಆರಕ್ಕೆಲ್ಲ ಮುಗಿಯುತ್ತದೆ. ಮುಳುಗುವುದಕ್ಕೆ ಮೂರು ಗಂಟೆ ಮೊದಲು ನೀವು ಕ್ಯಾಂಪಿನಲ್ಲಿರಬೇಕು. ಸಮರ್ಕಂದ್ ಬೆಳಿಗ್ಗೆ ಎಂಟಕ್ಕೆ ಬಿಟ್ಟರೆ ನಡುವೆ ನಿಂತು ನೋಡಲೂ ಸಮಯ ಸಿಗುತ್ತದೆ.

ನಿಲ್ಲಬೇಕಾದ್ದು ಎರಡು ಕಡೆ. ನವೋಯಿ ಹತ್ತಿರ ಹೆದ್ದಾರಿಯ ಪಕ್ಕದಲ್ಲೇ ರಬಾತಿ ಮಲಿಕ್ ಇದೆ, 11ನೇ ಶತಮಾನದ ಕಾರವಾನ್ ಛತ್ರ. ಉಳಿದಿರುವುದು ಮುಖ್ಯವಾಗಿ ಒಂದು ಎತ್ತರದ ಹೆಬ್ಬಾಗಿಲು. ಬಾಗಿಲು ನೋಡಿ ಕಾರಿಗೆ ವಾಪಸ್ ಬಂದುಬಿಡುವವರೇ ಜಾಸ್ತಿ. ರಸ್ತೆ ದಾಟಿ ಎದುರಿಗಿರುವ ಸರ್ದೋಬಾ ನೋಡಿ. ಇಟ್ಟಿಗೆಯ ಗುಮ್ಮಟದ ಕೆಳಗೆ ನೀರಿನ ತೊಟ್ಟಿ. ಬಿಸಿಲಿಗೆ ಆರಿಹೋಗದಂತೆ ನೀರಿನ ಮೇಲೆ ಮನೆಯನ್ನೇ ಕಟ್ಟಿದ್ದಾರೆ. ಇವೆರಡೂ 2023ರಲ್ಲಿ ಯುನೆಸ್ಕೋ ಪಟ್ಟಿಗೆ ಸೇರಿದವು. ಇನ್ನೊಂದು ನಿಲ್ದಾಣ ನುರಾತಾದ ಚಷ್ಮಾ ಬುಗ್ಗೆ. ತಿಳಿನೀರಿನ ಕೊಳದಲ್ಲಿ ಮೀನುಗಳು ಗಿಜಿಗುಡುತ್ತವೆ, ಪವಿತ್ರ ಅಂತ ಯಾರೂ ಹಿಡಿಯುವುದಿಲ್ಲ. ಹಿಂದಿನ ದಿಬ್ಬದ ಮೇಲೆ ಪಾಳು ಕೋಟೆ. ಅಲೆಕ್ಸಾಂಡರ್ ಕಟ್ಟಿಸಿದ್ದು ಅನ್ನುತ್ತಾರೆ ಊರವರು. ನುರಾತಾದಲ್ಲೇ ನೀರಿನ ಬಾಟಲಿ, ಹಣ್ಣು, ಚಿಲ್ಲರೆ ಸೋಮ್ ನೋಟು ತೆಗೆದುಕೊಳ್ಳಿ. ಮುಂದೆ ಎಟಿಎಂ ಇಲ್ಲ.

ಬುಕ್ ಮಾಡುವ ಮೊದಲು ಕೇಳಬೇಕಾದ್ದು

ಮಾತುಕತೆ ಎಲ್ಲಾ ಟೆಲಿಗ್ರಾಮಿನಲ್ಲಿ ನಡೆಯುತ್ತದೆ, ಉಜ್ಬೇಕಿಸ್ತಾನದಲ್ಲಿ ಎಲ್ಲರ ಫೋನಿನಲ್ಲೂ ಅದಿರುತ್ತದೆ. ಊರು ಬಿಡುವ ಮೊದಲೇ ಹಾಕಿಕೊಳ್ಳಿ. ಬೆಲೆ ಕೇಳಿದಾಗ ಅದರಲ್ಲಿ ಏನೇನು ಸೇರಿದೆ ಅಂತ ಒಂದೊಂದಾಗಿ ಬರೆಸಿಕೊಳ್ಳಿ: ರಾತ್ರಿ ಊಟ, ಬೆಳಗಿನ ತಿಂಡಿ, ಒಂಟೆ ಸವಾರಿ, ಬೆಂಕಿಯ ಮುಂದೆ ಹಾಡು, ಡ್ರೈವರಿನ ಊಟ ಮತ್ತು ಹಾಸಿಗೆ. ಕೊನೆಯದನ್ನು ಕೇಳದೆ ಬಿಟ್ಟರೆ ಬೆಳಿಗ್ಗೆ ಲೆಕ್ಕದ ಹೊತ್ತಿಗೆ ಇರುಸುಮುರುಸು. ಒಂದು ಯರ್ಟ್‌ಗೆ ಎಷ್ಟು ಜನ ಅಂತಲೂ ಕೇಳಿ. ನಾಲ್ಕೈದು ಹಾಸಿಗೆ ಇರುವುದು ಮಾಮೂಲು, ಜನ ಜಾಸ್ತಿಯಾದ ದಿನ ಅಪರಿಚಿತರ ಜೊತೆ ಮಲಗಬೇಕಾಗಬಹುದು. ಬೇಡ ಅಂದರೆ ಇಡೀ ಯರ್ಟ್ ಬೇಕು ಅಂತ ಮೊದಲೇ ಹೇಳಿ.

ಎಲ್ಲಕ್ಕಿಂತ ಮುಖ್ಯ, ಒಳಗಿನ ಫೋಟೋ ಕಳಿಸಲು ಹೇಳಿ. ಹೊರಗಿನದ್ದಲ್ಲ. ಹೊರಗೆ ಎಲ್ಲಾ ಯರ್ಟ್‌ಗಳೂ ಚೆಂದವೇ. ಒಳಗೆ ಮರದ ಜಾಲರಿ, ಸೂರಿನ ಬಾಗಿದ ಕೋಲುಗಳು, ನಡುವೆ ದುಂಡನೆಯ ಕಿಂಡಿ ಕಾಣಿಸಬೇಕು. ಗೋಡೆಯಿಂದ ಸೂರಿನವರೆಗೂ ಬಣ್ಣದ ಬಟ್ಟೆ ಹೊದಿಸಿ ಏನೂ ಕಾಣದಿದ್ದರೆ, ಹಿಂದೆ ಕಬ್ಬಿಣದ ಪೈಪು, ಕ್ಯಾನ್ವಾಸು ಇರಬಹುದು. ಅದು ದುಂಡಗಿನ ಡೇರೆ ಅಷ್ಟೇ. ರಾತ್ರಿ ಚಳಿಗೆ ಎರಡಕ್ಕೂ ಇರುವ ವ್ಯತ್ಯಾಸ ಮೈಗೇ ಗೊತ್ತಾಗುತ್ತದೆ.

ಒಂದು ವಿಷಯ ನಿರೀಕ್ಷೆ ಸರಿ ಮಾಡಿಕೊಳ್ಳಲಿಕ್ಕೆ ಹೇಳಿಬಿಡುತ್ತೇನೆ. ಇಲ್ಲಿ ನೀವು ಅಲೆಮಾರಿಗಳ ಮನೆಗೆ ಅತಿಥಿಯಾಗಿ ಹೋಗುತ್ತಿಲ್ಲ. 1930ರ ದಶಕದಲ್ಲೇ ಸೋವಿಯತ್ ಸರ್ಕಾರ ಅಲೆಮಾರಿ ಕುರಿಗಾಹಿಗಳನ್ನು ಸಾಮೂಹಿಕ ಫಾರ್ಮುಗಳಿಗೆ ಸೇರಿಸಿ ಒಂದೇ ಕಡೆ ನೆಲೆ ನಿಲ್ಲಿಸಿತು. ಈ ಕಡೆಯ ಹಳ್ಳಿಗಳಲ್ಲಿರುವ ಕಜಾಕ್ ಕುಟುಂಬಗಳು ಈಗ ಇಟ್ಟಿಗೆ ಮನೆಯಲ್ಲಿವೆ. ಕುರಿ, ಒಂಟೆ ಇನ್ನೂ ಸಾಕುತ್ತಾರೆ. ಕ್ಯಾಂಪು ಪ್ರವಾಸಿಗರಿಗೆ ಅಂತಲೇ ಹಾಕಿದ್ದು. ಆದರೆ ಅಡುಗೆ ಮಾಡುವವರು, ಒಂಟೆ ಹಿಡಿಯುವವರು, ಯರ್ಟ್ ಕಟ್ಟುವವರು ಹೆಚ್ಚಾಗಿ ಆ ಕುಟುಂಬಗಳವರೇ. ಕೆಲಸ ಗೊತ್ತಿರುವವರು. ನಾಟಕ ಅಂತ ಮೂಗು ಮುರಿಯುವ ಮೊದಲು ಯರ್ಟ್ ಹತ್ತಿರ ಹೋಗಿ ನೋಡಿ.

ಯರ್ಟ್ ಒಳಗೆ

ತಲುಪಿದ ಮೊದಲ ಅರ್ಧ ಗಂಟೆ ಇದಕ್ಕೇ ಇಡಿ. ಗೋಡೆಯ ಜಾಲರಿಯ ಹೆಸರು ‘ಕೆರೆಗೆ’. ವಿಲ್ಲೋ ಮರದ ತೆಳು ಪಟ್ಟಿಗಳನ್ನು ಓರೆಯಾಗಿ ಒಂದರ ಮೇಲೊಂದು ಇಟ್ಟು, ಕೂಡುವ ಕಡೆಯಲ್ಲೆಲ್ಲ ಹಸಿ ಚರ್ಮದ ದಾರ ತೂರಿಸಿ ಗಂಟು ಹಾಕಿರುತ್ತಾರೆ. ಮೊಳೆ ಇಲ್ಲ. ಒಂದು ಗಂಟನ್ನು ಬೆರಳಲ್ಲಿ ಮುಟ್ಟಿ ನೋಡಿ. ಒಣಗಿ ಕಲ್ಲಾಗಿರುತ್ತದೆ, ಆದರೂ ಪಟ್ಟಿ ಅದರ ಮೇಲೆ ತಿರುಗುತ್ತದೆ. ಹಾಗೆ ತಿರುಗುವುದರಿಂದಲೇ ಇಡೀ ಗೋಡೆ ಮಡಚಿ ಒಂಟೆಯ ಮೇಲೆ ಹೇರುವಷ್ಟು ಚಿಕ್ಕದಾಗುತ್ತದೆ. ಜಾಲರಿಯ ತಲೆಯಿಂದ ಮೇಲಕ್ಕೆ ಬಾಗಿ ಹೋಗುವ ಕೋಲುಗಳು ಊಕ್. ಅವುಗಳ ತುದಿ ಸಿಕ್ಕಿಕೊಳ್ಳುವ ಮೇಲಿನ ಬಳೆ ಶಾನಿರಾಕ್. ಕಜಾಕ್‌ಸ್ತಾನದ ರಾಷ್ಟ್ರ ಲಾಂಛನದ ನಡುವೆ ಇರುವುದು ಇದೇ ಬಳೆ. ಕಜಾಕ್, ಕಿರ್ಗಿಜ್ ಜನರ ಯರ್ಟ್ ಕಟ್ಟುವ ಕಸುಬನ್ನು 2014ರಲ್ಲಿ ಯುನೆಸ್ಕೋ ತನ್ನ ಪಟ್ಟಿಗೆ ಸೇರಿಸಿತು.

ಹೊದಿಕೆ ಕುರಿ ಉಣ್ಣೆಯದು. ನೇಯ್ದದ್ದಲ್ಲ. ಉಣ್ಣೆಯನ್ನು ಹರಡಿ, ಬಿಸಿನೀರು ಚಿಮುಕಿಸಿ, ಸುತ್ತಿ, ಉರುಳಿಸಿ ಉರುಳಿಸಿ ದಪ್ಪಗೆ ಕೂಡಿಸಿದ ಹಾಳೆ. ಮಧ್ಯಾಹ್ನ ಸೆಖೆ ಆದರೆ ಬುಡದ ಹೊದಿಕೆಯನ್ನು ಮೊಣಕಾಲಿನಷ್ಟು ಮೇಲಕ್ಕೆ ಸುತ್ತಿಡಲು ಹೇಳಿ. ಕೆಳಗಿನಿಂದ ಗಾಳಿ ಬಂದು ಮೇಲಿನ ಕಿಂಡಿಯಿಂದ ಬಿಸಿ ಹೋಗುತ್ತದೆ. ಕತ್ತಲಾಗುವ ಮೊದಲು ಅದನ್ನು ಇಳಿಸಿರಬೇಕು, ಕಿಂಡಿಯ ಮುಚ್ಚಳವನ್ನೂ ಹಗ್ಗ ಎಳೆದು ಮುಚ್ಚಿಸಬೇಕು. ನಕ್ಷತ್ರ ನೋಡುತ್ತಾ ಮಲಗೋಣ ಅಂತ ಕಿಂಡಿ ತೆರೆದಿಟ್ಟರೆ ಎರಡು ಗಂಟೆಗೆ ಎದ್ದು ಮುಚ್ಚುವವರನ್ನು ಹುಡುಕಬೇಕಾಗುತ್ತದೆ. ವಾಸನೆ ನಮ್ಮ ಹೊಸ ಕರಿ ಕಂಬಳಿಯದ್ದೇ, ಸ್ವಲ್ಪ ಜಾಸ್ತಿ. ಮೂಗಿಗೆ ಅರ್ಧ ಗಂಟೆಯಲ್ಲಿ ಒಗ್ಗುತ್ತದೆ. ಕುರಿಯ ವಾಸನೆಗೆ ವಿಷದ ಜೇಡ ಹತ್ತಿರ ಬರುವುದಿಲ್ಲ ಅಂತ ಈ ಕಡೆಯವರ ನಂಬಿಕೆ. ನಂಬಿ, ಆದರೆ ಬೆಳಿಗ್ಗೆ ಶೂ ಕೊಡವಿಯೇ ಹಾಕಿಕೊಳ್ಳಿ. ಚೇಳುಗಳಿಗೆ ಈ ನಂಬಿಕೆ ಗೊತ್ತಿಲ್ಲ.

ಒಳಗೆ ಹೋಗುವಾಗ ಹೊಸ್ತಿಲು ತುಳಿಯಬೇಡಿ, ದಾಟಿ ಹೋಗಿ. ಇದು ನಮಗೆ ಹೇಳಿಕೊಡಬೇಕಾಗಿಲ್ಲ, ಅಲ್ವಾ. ಬಾಗಿಲಿನ ನೇರ ಎದುರಿಗಿರುವ ಜಾಗ ಮರ್ಯಾದೆಯದು. ಅಲ್ಲಿ ಹಿರಿಯರನ್ನು, ಅತಿಥಿಗಳನ್ನು ಕೂರಿಸುತ್ತಾರೆ. ಕೂರಿ ಅಂದಾಗ ಕೂರಿ, ತಾವಾಗಿ ಹೋಗಿ ಬ್ಯಾಗ್ ಇಡಬೇಡಿ.

ಊಟ

ನೆಲದ ಮೇಲೆ ಹಾಸಿದ ಬಟ್ಟೆಯ ಸುತ್ತ ಅಥವಾ ಗಿಡ್ಡ ಮೇಜಿನ ಸುತ್ತ ಊಟ. ಬಟ್ಟೆಯ ಕಡೆ ಕಾಲು ಚಾಚಬಾರದು. ರೊಟ್ಟಿಯನ್ನು ಕವುಚಿ ಇಡಬಾರದು. ಹಿರಿಯರೊಬ್ಬರು ಕೈಯಲ್ಲಿ ಮುರಿದು ಎಲ್ಲರ ಮುಂದೆ ಹಾಕುತ್ತಾರೆ. ಚಹಾ ಹಸಿರು, ಹಾಲಿಲ್ಲ, ಸಕ್ಕರೆ ಇಲ್ಲ. ಹಿಡಿ ಇಲ್ಲದ ಬಟ್ಟಲಿಗೆ ಅರ್ಧ ಮಾತ್ರ ಹಾಕಿ ಕೊಡುತ್ತಾರೆ. ಜಿಪುಣತನ ಅಂದುಕೊಳ್ಳಬೇಡಿ, ಮತ್ತೆ ಮತ್ತೆ ತುಂಬಿಸಿ ಮಾತಾಡಿಸುತ್ತಾ ಇರಬೇಕು ಅಂತ. ಅಂಚಿನವರೆಗೆ ತುಂಬಿಸಿ ಕೊಟ್ಟರೆ ಇನ್ನು ಎದ್ದೇಳಿ ಅಂತ ಲೆಕ್ಕ.

ಸಸ್ಯಾಹಾರಿಗಳು ಎರಡು ಸಲ ಹೇಳಬೇಕು. ಬುಕ್ ಮಾಡುವಾಗ ಒಂದು ಸಲ, ತಲುಪಿದ ತಕ್ಷಣ ಅಡುಗೆಯವರಿಗೆ ಇನ್ನೊಂದು ಸಲ. ಗೋಶ್ತ್‌ಸಿಜ್ ಅಂದರೆ ಮಾಂಸ ಬೇಡ ಅಂತ ಅರ್ಥವಾಗುತ್ತದೆ. ಆದರೆ ಮಾಂಸದ ತುಂಡು ತೆಗೆದ ಸೂಪು ಕೂಡ ಹಲವರ ಲೆಕ್ಕದಲ್ಲಿ ಗೋಶ್ತ್‌ಸಿಜ್ಜೇ. ಪ್ಲೋವ್, ಅಂದರೆ ಅಲ್ಲಿನ ಪಲಾವ್, ಅಂತೂ ಕುರಿಯ ಕೊಬ್ಬಿಲ್ಲದೆ ಬರುವುದು ಅಪರೂಪ. ಧೈರ್ಯವಾಗಿ ತಿನ್ನಬಹುದಾದ್ದು ರೊಟ್ಟಿ, ಟೊಮೆಟೊ ಸೌತೆಕಾಯಿ ಈರುಳ್ಳಿಯ ಸಲಾಡ್, ಮೊಸರು, ಮೊಟ್ಟೆ ತಿನ್ನುವವರಿಗೆ ಮೊಟ್ಟೆ, ಒಣ ಹಣ್ಣು. ಸೆಪ್ಟೆಂಬರಿನಲ್ಲಿ ಹೋದವರ ಅದೃಷ್ಟಕ್ಕೆ ಕರಬೂಜ. ಒಂದು ಪೊಟ್ಟಣ ಚಟ್ನಿಪುಡಿ ಬ್ಯಾಗಿನಲ್ಲಿದ್ದರೆ ಆ ಮೊಸರು ರೊಟ್ಟಿಯೇ ಹಬ್ಬ. ಶುಬಾತ್ ಅನ್ನುವ ಹುಳಿ ಒಂಟೆ ಹಾಲು ಸಿಕ್ಕರೆ ಒಂದು ಗುಟುಕು ರುಚಿ ನೋಡಿ. ಮರುದಿನ ಉದ್ದದ ಕಾರು ಪ್ರಯಾಣ ಇರುವುದರಿಂದ ಬಟ್ಟಲು ಪೂರ್ತಿ ಬೇಡ. ವೋಡ್ಕಾ ಬೇಡದವರು ಬಲಗೈಯನ್ನು ಎದೆಯ ಮೇಲಿಟ್ಟು ರಹಮತ್ ಅಂದರೆ ಸಾಕು, ಬಲವಂತ ಮಾಡುವುದಿಲ್ಲ.

ಒಂಟೆ, ಚಳಿ, ಕತ್ತಲು

ಇಲ್ಲಿಯವು ಎರಡು ಡುಬ್ಬದ ಒಂಟೆಗಳು. ಡುಬ್ಬಗಳ ನಡುವೆ ಕೂರುವುದರಿಂದ ಜಾರುವ ಭಯ ಕಡಿಮೆ. ಏಳುವಾಗ ಮೊದಲು ಹಿಂಗಾಲು ಎತ್ತುತ್ತದೆ, ಆಗ ನೀವು ಮುಂದಕ್ಕೆ ಮುಗ್ಗರಿಸುತ್ತೀರಿ. ಕೂರುವಾಗ ಮೊದಲು ಮುಂಗಾಲು ಮಡಚುತ್ತದೆ, ಆಗಲೂ ಮುಂದಕ್ಕೇ. ಎರಡು ಸಲವೂ ಹಿಂದಕ್ಕೆ ವಾಲಿ. ಮುಂದಿನ ಡುಬ್ಬ ಗಟ್ಟಿ ಹಿಡಿಯಬೇಡಿ, ಅದು ಪ್ರಾಣಿಯ ಮೈ. ಏಪ್ರಿಲಿನಲ್ಲಿ ಚಳಿಗಾಲದ ತುಪ್ಪಳ ಉದುರಿ ಚಿಂದಿ ಚಿಂದಿಯಾಗಿ ನೇತಾಡುತ್ತಿರುತ್ತದೆ. ಕಾಯಿಲೆ ಅಲ್ಲ. ಕಾಯಿಲೆ ಗೊತ್ತಾಗುವುದು ಬೆನ್ನಿನ ಗಾಯದಲ್ಲಿ, ಮೂಗಿನ ಹುಣ್ಣಿನಲ್ಲಿ. ಅದು ಕಂಡರೆ ಸವಾರಿ ಬೇಡ ಅಂತ ಹೇಳಿ. ನನಗೆ ಕೇಳಿದರೆ ಸವಾರಿ ಅರ್ಧ ಗಂಟೆ ಸಾಕು. ಆ ಹೊತ್ತಿನಲ್ಲಿ ಒಬ್ಬರೇ ದಿಬ್ಬ ಹತ್ತಿ ಸಕ್ಸೌಲ್ ಪೊದೆಗಳ ನಡುವೆ ನಡೆಯುವುದು ಇನ್ನೂ ಚೆನ್ನ. ಆದರೆ ಕ್ಯಾಂಪಿನ ದೀಪದ ಕಂಬ ಕಣ್ಣಿಗೆ ಕಾಣುತ್ತಿರಬೇಕು. ಎಲ್ಲಾ ದಿಬ್ಬಗಳೂ ಒಂದೇ ಥರ.

ಸೂರ್ಯ ಮುಳುಗಿದ ಮೇಲೆ ಚಳಿ ದಬಾಯಿಸುತ್ತದೆ. ಗಾಳಿಯಲ್ಲಿ ತೇವ ಇಲ್ಲ, ಮೋಡ ಇಲ್ಲ, ಮರಳು ಹಿಡಿದ ಬಿಸಿಯನ್ನು ಬೇಗ ಬಿಟ್ಟುಬಿಡುತ್ತದೆ. ಹಗಲು 25 ಡಿಗ್ರಿ ಇದ್ದದ್ದು ಬೆಳಗಿನ ಜಾವಕ್ಕೆ ಹತ್ತರ ಕೆಳಗೆ ಇಳಿಯಬಹುದು. ಉಣ್ಣೆ ಟೋಪಿ, ದಪ್ಪ ಕಾಲುಚೀಲ, ಗಾಳಿ ತಡೆಯುವ ಜಾಕೆಟ್ ಬೇಕೇ ಬೇಕು. ಮಲಗುವ ಬಟ್ಟೆ ಮತ್ತು ಮರಳಿನಲ್ಲಿ ಓಡಾಡಿದ ಬಟ್ಟೆ ಬೇರೆ ಬೇರೆ ಇರಲಿ. ಶೌಚಾಲಯ ಸಾಮಾನ್ಯವಾಗಿ ಯರ್ಟ್‌ಗಳಿಂದ ದೂರ, ಬೇರೆ ಕಟ್ಟಡದಲ್ಲಿ. ಬೆಳಕಿರುವಾಗಲೇ ಒಮ್ಮೆ ಆ ದಾರಿ ನಡೆದು ನೋಡಿಕೊಳ್ಳಿ. ತಲೆಗೆ ಕಟ್ಟುವ ಟಾರ್ಚ್, ಅದರಲ್ಲೂ ಕೆಂಪು ಬೆಳಕು ಕೊಡುವಂಥದ್ದು ತನ್ನಿ. ಬಿಳಿ ಬೆಳಕು ಒಂದು ಸಲ ಕಣ್ಣಿಗೆ ಬಿದ್ದರೆ ಕತ್ತಲಿಗೆ ಮತ್ತೆ ಒಗ್ಗಲು ಇಪ್ಪತ್ತು ನಿಮಿಷ ಬೇಕು. ಫೋನ್ ಚಾರ್ಜಿಗೆ ಎರಡು ದುಂಡು ಕಡ್ಡಿಯ ಯುರೋಪ್ ಪ್ಲಗ್, ಆದರೆ ಕರೆಂಟನ್ನು ನಂಬದೆ ಪವರ್‌ಬ್ಯಾಂಕ್ ತುಂಬಿಸಿಕೊಂಡು ಹೋಗಿ.

ಊಟವಾದ ಮೇಲೆ ಬೆಂಕಿ ಹಾಕುತ್ತಾರೆ. ಎರಡು ತಂತಿಯ ದೊಂಬ್ರಾ ಹಿಡಿದು ಹಿರಿಯರೊಬ್ಬರು ಕಜಾಕ್ ಹಾಡು ಹೇಳುತ್ತಾರೆ. ಎಲ್ಲರೂ ಮಲಗಲು ಎದ್ದಾಗ ನೀವು ಕ್ಯಾಂಪಿನವರನ್ನು ಕೇಳಬೇಕಾದ್ದು ಒಂದೇ, ಹೊರಗಿನ ದೀಪ ಆರಿಸಿ ಅಂತ. ಕೇಳಿದರೆ ಸಾಮಾನ್ಯವಾಗಿ ಆರಿಸುತ್ತಾರೆ. ಆಮೇಲೆ ಕಂಬಳಿ ಹೊದ್ದು ದಿಬ್ಬದ ಆಚೆ ಬದಿಗೆ ಹೋಗಿ ಕೂರಿ. ಕರ್ನಾಟಕದಲ್ಲಿ ಧ್ರುವ ನಕ್ಷತ್ರ ಬಾನಂಚಿನಿಂದ 12ರಿಂದ 18 ಡಿಗ್ರಿ ಎತ್ತರದಲ್ಲಷ್ಟೇ ಇರುತ್ತದೆ, ಕಟ್ಟಡವೋ ಮರವೋ ಅಡ್ಡ ಬರುತ್ತದೆ. ಇಲ್ಲಿ ಅದು 40 ಡಿಗ್ರಿ ಮೇಲೆ. ಏಪ್ರಿಲ್ ರಾತ್ರಿ ಹತ್ತರ ಸುಮಾರಿಗೆ ಸಪ್ತರ್ಷಿ ಮಂಡಲ ಹೆಚ್ಚುಕಡಿಮೆ ನೆತ್ತಿಯ ಮೇಲೇ ಇರುತ್ತದೆ. ಆಕಾಶಗಂಗೆಯ ದಟ್ಟ ಭಾಗ ಬೇಕೆಂದರೆ ಏಪ್ರಿಲಿನಲ್ಲಿ ಬೆಳಗಿನ ಜಾವ ಮೂರಕ್ಕೆ ಏಳಬೇಕು, ದಕ್ಷಿಣಕ್ಕೆ ಮುಖ ಮಾಡಬೇಕು. ಅಕ್ಟೋಬರಿನಲ್ಲಿ ಆ ಕಷ್ಟ ಇಲ್ಲ, ಕತ್ತಲಾದ ಕೂಡಲೇ ನೈರುತ್ಯದಲ್ಲಿ ಕಾಣುತ್ತದೆ, ಆದರೆ ಬೇಗ ಮುಳುಗುತ್ತದೆ. ಆ ತಿಂಗಳು ಹೋದವರು ಊಟಕ್ಕೆ ಮೊದಲೇ ಹೊರಗೆ ಹೋಗಿ ನೋಡಿಬಿಡಿ.

ಬೆಳಿಗ್ಗೆ

ಸೂರ್ಯೋದಯ ನೋಡಿ, ಚಹಾ ಕುಡಿದು, ಒಂಬತ್ತಕ್ಕೆಲ್ಲ ಹೊರಡಿ. ಹತ್ತರ ಮೇಲೆ ಕ್ಯಾಂಪಿನಲ್ಲಿ ಮಾಡುವುದಕ್ಕೆ ಏನೂ ಇಲ್ಲ. ಎರಡನೇ ರಾತ್ರಿ ಬೇಡವೇ ಬೇಡ, ಪುಸ್ತಕ ಓದಲು ಹೋಗುವವರ ಮಾತು ಬೇರೆ.

ದಾರಿಯಲ್ಲಿ ಐದಾರ್‌ಕುಲ್ ಕಡೆ ಒಂದು ಗಂಟೆ ತಿರುಗಿಸಲು ಡ್ರೈವರಿಗೆ ಮೊದಲೇ ಹೇಳಿರಿ. ಮರಳಿನ ನಡುವೆ ಆಚೆ ದಡ ಕಾಣದಷ್ಟು ನೀರು. ಇದು ಹಳೆಯ ಸರೋವರ ಅಲ್ಲ. 1969ರಲ್ಲಿ ಸಿರ್ ದರ್ಯಾಕ್ಕೆ ಭಾರಿ ನೆರೆ ಬಂತು. ಚರ್ದಾರಾ ಅಣೆಕಟ್ಟು ತಡೆಯಲಾರದೆ ನೀರನ್ನು ಅರ್ನಾಸಾಯ್ ತಗ್ಗಿಗೆ ಬಿಟ್ಟರು. ಒಂದು ವರ್ಷದಲ್ಲಿ ಹರಿದದ್ದು ಸುಮಾರು 21 ಘನ ಕಿಲೋಮೀಟರ್ ನೀರು. ಅರಾಲ್ ಸಮುದ್ರಕ್ಕೆ ಹೋಗಬೇಕಾದ ನೀರು ಇಲ್ಲಿ ನಿಂತಿತು. ಈಗ ಮೀನುಗಾರರಿದ್ದಾರೆ, ಹಕ್ಕಿಗಳಿವೆ. ನೀರು ಉಪ್ಪುಪ್ಪು. ಏಪ್ರಿಲಿನಲ್ಲಿ ಕಾಲು ಇಳಿಸಿದರೆ ಜುಮ್ ಅನ್ನುತ್ತದೆ, ಈಜುವುದಾದರೆ ಸೆಪ್ಟೆಂಬರ್ ಮೇಲು. ಟವೆಲ್ ನಿಮ್ಮದೇ ಇರಲಿ.

ಅಲ್ಲಿಂದ ನುರಾತಾ, ನವೋಯಿ ಮೂಲಕ ಬುಖಾರಾಕ್ಕೆ ಕಾರಿನಲ್ಲೇ ಹೋಗಬಹುದು. ಸಮರ್ಕಂದಿನ ಕಾರನ್ನೇ ಇಟ್ಟುಕೊಂಡಿದ್ದರೆ ಡ್ರೈವರ್ ಖಾಲಿ ವಾಪಸ್ ಹೋಗುವ ದುಡ್ಡೂ ಸೇರಿಸಿ ಕೇಳುತ್ತಾನೆ, ನ್ಯಾಯವೇ. ಅದನ್ನು ಉಳಿಸಬೇಕಾದರೆ ನವೋಯಿಯಲ್ಲಿ ಇಳಿದು ರೈಲು ಹಿಡಿಯಿರಿ. ಮಧ್ಯಾಹ್ನದ ರೈಲು ಬೇಡ, ಸಂಜೆಯದ್ದು ತೆಗೆದುಕೊಳ್ಳಿ, ಮೀಥೇನ್ ಬಂಕಿನ ಸಾಲು ಎಷ್ಟುದ್ದ ಇರುತ್ತದೋ ಹೇಳಲಾಗುವುದಿಲ್ಲ. ಬುಖಾರಾದಲ್ಲಿ ರೂಮಿಗೆ ಹೋದ ತಕ್ಷಣ ಬ್ಯಾಗನ್ನು ಹಾಸಿಗೆಯ ಮೇಲೆ ಸುರಿಯಬೇಡಿ. ಬಾತ್‌ರೂಮಿನಲ್ಲಿ ಕೊಡವಿ. ಕ್ಯಾಮೆರಾದ ಲೆನ್ಸನ್ನು ಒರೆಸುವ ಮೊದಲು ಊದಿ, ಇಲ್ಲದಿದ್ದರೆ ಸಣ್ಣ ಮರಳು ಗೀರು ಹಾಕುತ್ತದೆ.